ಶ್ರುತಿಗೊಂದು ಕುರ್ಚಿ

ಲಂಡನ್ನಿನ ನಮ್ಮ ಕೆಂಟನ್ ಬಡಾವಣೆಯ ಶನಿವಾರದ ಸಂಗೀತದಲ್ಲಿ ಶ್ರುತಿಯ ಬಗ್ಗೆ ಎಲ್ಲರಿಗಿಂತ ಹೆಚ್ಚು ತಲೆ ಕೆಡಿಸಿಕೊಂಡಿದ್ದವರು ಹಾಡಲೂ ಬಾರದ, ತಾಳ ಹಾಕಲೂ ಬಾರದ ಒಬ್ಬ ಫ್ರೆಂಚ್ ಚಿತ್ರಕಾರರು ಎಂದರೆ ನಂಬುತ್ತೀರಾ? ನಂಬಲೇಬೇಕು!

ಪಕ್ಕದ ಮನೆಯವರು. ಮೊದಲ ಸಲ ಬಾಗಿಲು ಬಡಿದಾಗ, ಗಲಾಟೆಯೆಂದು ಕೌನ್ಸಿಲ್‌ಗೆ ದೂರು ಕೊಡುತ್ತಾರೇನೋ ಅಂತ ನಾನು ಪಿಟೀಲನ್ನು ಸೋಫಾದ ಹಿಂದೆ ಬಚ್ಚಿಟ್ಟೆ. ಮಹಾಶಯರು ಹೇಳಿದ್ದು: "ದಯವಿಟ್ಟು ನಿಲ್ಲಿಸಬೇಡಿ! ನನ್ನ ಹಳದಿ ಇನ್ನೂ ಒಣಗಿಲ್ಲ!" ಸಂಗೀತಕ್ಕೂ ಬಣ್ಣ ಒಣಗುವುದಕ್ಕೂ ಏನು ಸಂಬಂಧ? ನನ್ನನ್ನು ಕೇಳಬೇಡಿ. ಉಪ್ಪಿಟ್ಟಿನ ತಟ್ಟೆ ಕೊಟ್ಟೆವು, ನಮ್ಮ ಗುಂಪಿನವರೇ ಆಗಿಬಿಟ್ಟರು. ಚಟ್ನಿಪುಡಿಯ ಬಣ್ಣ ಮೆಚ್ಚಿ ಒಂದು ಡಬ್ಬಿ ಕೇಳಿ ಒಯ್ದರು. ಎಣ್ಣೆಯಲ್ಲಿ ಕಲಸಿದ್ದೇನೋ ಸರಿ, ಬಳಿದದ್ದು ಕ್ಯಾನ್ವಾಸಿಗೆ! ಆ ಸೂರ್ಯಾಸ್ತದ ಮುಂದೆ ನಿಂತರೆ ನನಗೆ ಈಗಲೂ ಹಸಿವಾಗುತ್ತದೆ.

ನಮಗೆಲ್ಲ ಹಾಡು ಕಲಿಸಿದವರು ನಮ್ಮತ್ತೆ. ಗಂಟಲಿನ ಆಪರೇಷನ್ ಆದ ಮೇಲೆ ಅವರ ದನಿ ಮರಳಲಿಲ್ಲ, ಬರೀ ಪಿಸುಮಾತು. "ನನ್ನ ಶ್ರುತಿ ಹೋಯ್ತು ಕಣೇ, ಇನ್ನು ಅಲ್ಲಿ ನನಗೇನು ಕೆಲಸ?" ಎಂದು ಶ್ರುತಿಪೆಟ್ಟಿಗೆಯನ್ನು ಮಂಚದ ಕೆಳಗೆ ತಳ್ಳಿ, ಶನಿವಾರ ಬಂತೆಂದರೆ ಅಡುಗೆಮನೆ ಸೇರುತ್ತಿದ್ದರು. ನಾವು ಫೋನಿನ ಶ್ರುತಿ ಆ್ಯಪ್ ನಂಬಿಕೊಂಡು ಹಾಡುತ್ತಿದ್ದೆವು. ನಡುವೆ ಯಾರದಾದರೂ ಕಾಲ್ ಬಂತೋ, ಮುಗಿಯಿತು!

"ರೀ, ಶ್ರುತಿ ಎಲ್ರೀ?" ಎಂದು ನಾನು.

"ವಿತೌಟ್ ಶ್ರುತಿ ಹೇಗೆ ಹಾಡೋದು!" ಎಂದು ಮೃದಂಗದ ಹಿಂದಿನಿಂದ ನಮ್ಮವರು.

ಚಿತ್ರಕಾರರು ಇದನ್ನೆಲ್ಲ ಕೇಳಿಸಿಕೊಂಡು, ಊಟದ ಕುರ್ಚಿಯೊಂದನ್ನು ಎಳೆದಿಟ್ಟು ಅದರ ಮೇಲೆ ಒಂದು ತಟ್ಟೆ ಉಪ್ಪಿಟ್ಟು ಮುಚ್ಚಿಡತೊಡಗಿದರು. ಯಾರಿಗೆ ಎಂದರೆ, "ಫಾರ್ ಶ್ರುತಿ." ಓಹೋ, ಗರ್ಲ್‌ಫ್ರೆಂಡ್!

"ನಮ್ಮ ಕಡೆ ಹುಡುಗೀನೇ ಕಣೇ!" ನಮ್ಮವರಿಗೆ ಖುಷಿಯೋ ಖುಷಿ.

ಅಡುಗೆಮನೆಯಿಂದ ಅತ್ತೆ ಇಣುಕಿದರು. "ಯಾರ ಮಗಳಂತೆ ಕೇಳು."

ಕೇಳುವ ಮೊದಲೇ ಮಹಾಶಯರು ನಮ್ಮ ಗುಂಪಿನ ಚಿತ್ರ ಬರೆದು ತಂದರು. ನನ್ನ ಪಿಟೀಲು ಹಸಿರು. ನಮ್ಮವರಿಗೆ ಮೂರು ಕೈ, ಮೃದಂಗ ಅಷ್ಟು ಜೋರಂತೆ! ನಡುವೆ ಒಂದು ಖಾಲಿ ಕುರ್ಚಿ.

"ಇದು ಶ್ರುತಿಯದು," ಎಂದರು. "ಅವಳಿಲ್ಲದೆ ಹಾಡಲಾಗದು ಎಂದು ಪ್ರತಿವಾರ ಜಗಳವಾಡುತ್ತೀರಿ. ಒಬ್ಬರಾದರೂ ಹೋಗಿ ಕರೆದಿರಾ?"

ನಾವು ಹೊಟ್ಟೆ ಹಿಡಿದುಕೊಂಡು ನಕ್ಕೆವು. ಶ್ರುತಿ ಹುಡುಗಿಯಲ್ಲ, ಹಾಡುವವರು ಆಧಾರಕ್ಕೆ ಹಿಡಿಯುವ ಸ್ವರ ಎಂದು ಬಿಡಿಸಿ ಹೇಳಿದೆವು. ಅವರು ಮಾತ್ರ ನಗಲಿಲ್ಲ.

"ಮೊದಲು ಆ ಸ್ವರ ಯಾರ ಹತ್ತಿರ ಇತ್ತು?"

ನನ್ನ ಕಣ್ಣು ಅಡುಗೆಮನೆಯ ಕಡೆ ಹೋಯಿತು. ಅವರು ನೇರ ಒಳಗೆ ನುಗ್ಗಿ, ಅತ್ತೆಯ ಕೈಯಿಂದ ಸೌಟು ಇಸಿದುಕೊಂಡು, ಕರೆತಂದು ಆ ಕುರ್ಚಿಯಲ್ಲಿ ಕೂರಿಸಿದರು. "ಶ್ರುತಿ, ಯು ಆರ್ ವೆರಿ ಲೇಟ್!" ಎಂದು ಗದರಿದ್ದೂ ಆಯಿತು.

ಅತ್ತೆ ಸೆರಗಿಗೆ ಕೈ ಒರೆಸಿಕೊಂಡರು. ಆಮೇಲೆ ಮಂಚದ ಕೆಳಗಿನ ಪೆಟ್ಟಿಗೆ ತರಿಸಿ, ತೊಡೆಯ ಮೇಲಿಟ್ಟುಕೊಂಡು ಒತ್ತಿದರು. ಎಷ್ಟು ತಿಂಗಳಾಗಿತ್ತು ಆ ನಾದ ಕೇಳಿ! ನನಗೆ ಅಳು ಒತ್ತರಿಸಿ ಬಂತು, ಕಮಾನು ಎತ್ತಲಾಗಲಿಲ್ಲ.

"ಏನೇ ಹಾಗೆ ನೋಡ್ತಾ ಕೂತಿದೀಯ?" ಅತ್ತೆ ಪಿಸುಗುಟ್ಟಿದರು. "ಶ್ರುತಿ ಬಂದಿದಾಳೆ. ಶುರು ಮಾಡಿ."