ಮಾವನ ಪಂಪು, ಅತ್ತೆಯ ಕುಂಕುಮ

ನಮ್ಮ ಸೋದರಮಾವ ಜೀವ ತೇಯ್ದದ್ದು ಏನೂ ಇಲ್ಲದ ಒಂದು ಡಬ್ಬಿಗಾಗಿ! ಡಬ್ಬಿ ಇರಬೇಕು, ಅದರೊಳಗೆ ಏನೂ ಇರಬಾರದು. ಗಾಳಿಯೂ ಇರಬಾರದು. ಇಂಥ ಹಟವನ್ನು ನೀವು ಎಲ್ಲಾದರೂ ಕಂಡಿದ್ದೀರಾ?

ಎಂಬತ್ತರ ದಶಕದ ಕೊನೆಯ ಮಾತು. ಚಿಕ್ಕೋಡಿಯ ಒಂದು ಕಾಲೇಜಿನಲ್ಲಿ ಅವರು ಭೌತಶಾಸ್ತ್ರ ಕಲಿಸುತ್ತಿದ್ದರು, ನಾನು ಕನ್ನಡ. ವಾಸವೂ ಅವರ ಮನೆಯಲ್ಲೇ. ಪುಣೆಯ ಯಾವುದೋ ಪ್ರಯೋಗಾಲಯ ಬೇಡವೆಂದು ಬಿಟ್ಟ, ಡಬ್ಬಿಯನ್ನು ನಿರ್ವಾತ ಮಾಡುವ ಅಯಾನ್ ಪಂಪೊಂದನ್ನು ಮಾವ ನಿಪ್ಪಾಣಿಯಿಂದ ತಂಬಾಕಿನ ಟ್ರಕ್ಕಿನಲ್ಲಿ ಹೇರಿಕೊಂಡು ತಂದರು. ದಾರಿಯುದ್ದಕ್ಕೂ ಸೀನಿದರಂತೆ, ಆದರೆ ಪಂಪಿನ ಬಾಯಿಗೆ ಕಟ್ಟಿದ ಬಟ್ಟೆಯ ಮೇಲಿಂದ ಕೈ ತೆಗೆಯಲಿಲ್ಲವಂತೆ, ಸ್ವಂತ ಮೂಗು ಒರೆಸಿಕೊಳ್ಳಲೂ!

ಪಂಪಿಗೆ ಜೋಡಿಸುವ ಸ್ಟೀಲಿನ ಡಬ್ಬಿಯನ್ನು ಯಾರೂ ಬರಿಗೈಯಲ್ಲಿ ಮುಟ್ಟುವಂತಿರಲಿಲ್ಲ. ಮಾವ ಸದಾ ಕೈಗವಸಿನಲ್ಲೇ ಇರುತ್ತಿದ್ದರು.

"ಬೆರಳಿನ ಜಿಡ್ಡು ಒಳಗ ಒಂದ್ ಚೂರು ಹತ್ತಿದ್ರ ವಾರಗಟ್ಟಲೆ ಆವಿ ಬಿಡಕೋಂತ ಕುಂದರತೈತಿ," ಅಂದರು.

"ಪ್ರಿನ್ಸಿಪಾಲರು ಮುಟ್ಟಿದ್ರ?" ಅಂದೆ ನಾನು.

"ಅವರ ಬೆರಳಾಗ ಭಜಿ ಎಣ್ಣಿ ಇರತೈತಿ. ತಿಂಗಳಗಟ್ಟಲೆ!"

ಪ್ರಿನ್ಸಿಪಾಲರು ಬಾಗಿಲಲ್ಲೇ ನಿಂತಿದ್ದರು! "ದಸರಾ ಸೂಟಿ ಮುಗಿಯೂದ್ರಾಗ ಒಳಗಿನ ಗಾಳಿ ತೋರಸೂ ಮೀಟರಿನ ಮುಳ್ಳು ಕೆಳಗ ಇಳೀಲಿಲ್ಲಂದ್ರ, ನಿಮ್ಮ ಪಂಪ್ ಗುಜರಿಗ್ರಿ," ಎಂದು ಹೇಳಿ ಹೋದರು. ಮಾವ ಆ ರಾತ್ರಿ ಊಟ ಬಿಟ್ಟರು.

ಖಂಡೆ ನವಮಿ ಬಂತು. ಕತ್ತಿ, ಕುಡುಗೋಲು, ಸೈಕಲ್ಲು ಎಲ್ಲಕ್ಕೂ ಪೂಜೆಯಾಗುವ ದಿನ. ಡಬ್ಬಿಯನ್ನು ತೊಳೆದು, ಒಣಗಲು ತೆರೆದಿಟ್ಟು ಮಾವ ಸ್ನಾನಕ್ಕೆ ಮನೆಗೆ ಬಂದಿದ್ದರು. ಗಂಡನ ಪಂಪಿಗೇ ಪೂಜೆಯಿಲ್ಲವೆಂದರೆ ಹೇಗೆ? ಅತ್ತೆ ಆರತಿ ತಟ್ಟೆ ಹಿಡಿದು ಕಾಲೇಜಿಗೆ ನಡೆದರು. ಹೊರಗೆ ಹಚ್ಚಿದರೆ ಯಾರಾದರೂ ಒರೆಸಿಬಿಟ್ಟಾರೆಂದು ಡಬ್ಬಿಯ ಒಳಗೇ ಕೈ ಹಾಕಿ ಅರಿಷಿಣ, ಕುಂಕುಮ ಹಚ್ಚಿದರು. ಮೇಲೊಂದು ಚೆಂಡು ಹೂವು!

ಮಾವ ಬಂದು ಇಣುಕಿದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಅತ್ತೆಯ ಕಡೆ ನೋಡದೆ ಹೂವು ತೆಗೆದು, ಡಬ್ಬಿ ತೊಳೆಯತೊಡಗಿದರು.

ಸೂಟಿಯೆಲ್ಲ ಅದರಲ್ಲೇ ಹೋಯಿತು. ತೊಳೆದರು, ಮುಚ್ಚಿದರು, ಸಾದಾ ಪಂಪಿನಿಂದ ಬಹುಪಾಲು ಗಾಳಿ ತೆಗೆದರು. ಆಮೇಲೆ ಡಬ್ಬಿಗೆ ಕಾವಿನ ಪಟ್ಟಿ ಸುತ್ತಿ ದಿನಗಟ್ಟಲೆ ಬೇಯಿಸಿದರು. ಲೋಹಕ್ಕೆ ಅಂಟಿದ ನೀರಿನ ಪಸೆ ಹಾಗೆ ಬೇಯಿಸಿದರೆ ಮಾತ್ರ ಬಿಡುತ್ತದಂತೆ. ಚಿಕ್ಕೋಡಿಯ ಕರೆಂಟು ಹೋದಾಗಲೆಲ್ಲ ಮಾವನ ಮುಖ ಬಾಡುತ್ತಿತ್ತು. ಅತ್ತೆ ರೊಟ್ಟಿ ಬುತ್ತಿ ತಂದು ಹೊಸ್ತಿಲಾಚೆಯೇ ಇಟ್ಟು ಹೋಗುತ್ತಿದ್ದರು.

ಕೊನೆಗೆ ಅಯಾನ್ ಪಂಪಿಗೆ ಕರೆಂಟು ಕೊಟ್ಟರು. ಪ್ರಿನ್ಸಿಪಾಲರು ಬರುವ ದಿನ ಬೆಳಿಗ್ಗೆ ಮುಳ್ಳು ಅಲುಗಿತು, ಮೆಲ್ಲಗೆ ಇಳಿಯಿತು! ಮಾವ ಪ್ರಿನ್ಸಿಪಾಲರನ್ನು ಕರೆಯಲಿಲ್ಲ. ನನ್ನನ್ನು ಪಂಪಿನ ಕಾವಲಿಗೆ ಬಿಟ್ಟು, ಸೈಕಲ್ ಹತ್ತಿ ಮನೆಗೆ ಹೋಗಿ ಅತ್ತೆಯನ್ನು ಕ್ಯಾರಿಯರ್ ಮೇಲೆ ಕೂರಿಸಿಕೊಂಡು ಬಂದರು.

ಅತ್ತೆ ಬಾಗಿಲಲ್ಲೇ ನಿಂತು ಕೇಳಿದರು: "ನನ್ನ ಕುಂಕುಮ ಎಲ್ಲಾ ಹೊರಗ ಹೋತೇನ್ರಿ?"

"ತೊಳದಷ್ಟು ಹೋತು. ಉಳದದ್ದರ ಆವಿ ಈ ಪಂಪಿನಾಗ ಐತಿ. ಸಾದಾ ಪಂಪ್ ಗಾಳಿ ಹೊರಗ ಒಗಿತೈತಿ, ಇದು ಒಗ್ಯಾಂಗಿಲ್ಲ. ಕರೆಂಟು, ಆಯಸ್ಕಾಂತ ಎರಡೂ ಕೂಡಿ ಇಲೆಕ್ಟ್ರಾನ್ ಗಿರಿಗಿರಿ ತಿರಗಸ್ತಾವ. ಅವು ಗಾಳಿ ಕಣಕ್ಕ ಬಡೀತಾವ. ಪೆಟ್ಟು ತಿಂದ ಕಣ ಅಯಾನ್ ಆಗಿ ಟೈಟಾನಿಯಂ ತಗಡಿಗಿ ಹೋಗಿ ಅಪ್ಪಳಸತೈತಿ. ತಗಡಿನ ಪುಡಿ ಎದ್ದು, ನೀ ನೆಲಾ ಸಾರಿಸಿದಂಗ ಎಲ್ಲಾ ಕಡೆ ಕುಂದರತೈತಿ. ಗಾಳಿ ಅದರ ಬುಡಕ ಹುಗದ ಹೋಗತೈತಿ. ಸಪ್ಪಳಿಲ್ಲ, ಏನಿಲ್ಲ. ಎಲ್ಲಾ ತನ್ನ ಹೊಟ್ಟ್ಯಾಗ."

"ಎಷ್ಟ್ ದಿನಾ ನುಂಗತೈತ್ರಿ?"

"ದಿನಾಲೂ. ಡಬ್ಬಿ ಗ್ವಾಡಿ ಸಣ್ಣಗ ಗಾಳಿ ಬಿಡಕೋಂತನ ಇರತೈತಿ. ಇದು ನುಂಗಕೋಂತನ ಇರಬೇಕು."

"ಹಂಗಾರ ನನ್ನಂಗನ ಐತಿ ಬಿಡ್ರಿ," ಅಂದರು ಅತ್ತೆ, ನಗುತ್ತ.

ನಾನೂ ನಕ್ಕೆ. ಮಾವ ನಗಲಿಲ್ಲ. ನಿಧಾನವಾಗಿ ಕೈಗವಸು ಕಳಚಿ, ಹೊಸ್ತಿಲಿಗೆ ಬಂದು, ಅತ್ತೆಯ ಕೈಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು.

ಅಷ್ಟರಲ್ಲಿ ಪ್ರಿನ್ಸಿಪಾಲರು ಬಂದರು. "ಮುಳ್ಳು ಇಳೀತೇನ್ರಿ?"

ಮಾವನಿಗೆ ಕೇಳಿಸಲಿಲ್ಲ. ನಾನೇ ಹೇಳಿದೆ: "ಇಳದೈತ್ರಿ ಸರ್. ಒಂದೀಟು ಹೊರಗ ನಿಂದರ್ರಿ."