ಟೀಚರ ಗೇಮ್ ಡಬ್ಬಿ ತಾಳೆ ನೋಡಿದ್ದು

ಇದನ್ನ ಯಾರ ಹತ್ರನೂ ಬಾಯಿ ಬಿಡ್ಬೇಡ ಅಂತ ಚಿಕ್ಕಪ್ಪ ಹೇಳಿದಾರೆ. ನಾನು ಮಾತಾಡೋದೇ ಕಮ್ಮಿ ಅಂತ ನಂಬಿದ್ರು, ಪಾಪ. ಆದ್ರೆ ಜಯಪುರದ ಅವರ ರಿಪೇರಿ ಅಂಗಡೀಲಿ ಇಂಥದ್ದು ಆಗ್ತಾನೇ ಇರುತ್ತೆ. ಎಷ್ಟು ಅಂತ ಹೊಟ್ಟೇಲಿ ಇಟ್ಕೊಳ್ಳೋದು?

೧. ರೋಗಿ

ಚಿಕ್ಕಪ್ಪಂಗೆ ಹೈಸ್ಕೂಲಲ್ಲಿ ಲೆಕ್ಕ ಕಲಿಸಿದ ಟೀಚರು ಈಗ ರಿಟೈರಾಗಿ ಕೊಪ್ಪದಲ್ಲಿದಾರೆ. ಟಿವಿಗೆ ಹಳೇ ಗೇಮ್ ಡಬ್ಬಿ ಸಿಕ್ಸಿ ದಿನಾ ಕಾರ್ ರೇಸ್ ಆಡ್ತಾರೆ. ಡಬ್ಬಿ ಬಿಸಿಯಾಗಿ ನಿಂತು ಹೋಗೋಕೆ ಶುರುವಾಯ್ತು. ಇದು ಸಾಯೋದ್ರೊಳಗೆ ನನ್ನ ಗೇಮು ಲ್ಯಾಪ್‌ಟಾಪಲ್ಲಿ ಓಡೋ ಹಾಗೆ ಮಾಡ್ಕೊಡು ಅಂದ್ರು. ಅದಕ್ಕೆ ಬಯೋಸ್ ಬೇಕು. ಡಬ್ಬಿ ಆನ್ ಆದ ಕೂಡ್ಲೆ ಮೊದಲು ಓಡೋ ಫೈಲು ಅದು, ಒಳಗಿನ ಚಿಪ್ಪಲ್ಲಿರುತ್ತೆ. ಚಿಕ್ಕಪ್ಪ ಕಾಪಿ ತೆಗೆದ್ರು. ಸರಿ ಬಂದಿದ್ಯಾ ಕೇಳ್ದೆ.

"ತೆಗೆದಿದ್ದು ನಾನಲ್ವಾ?"

ನಂಗಿದ್ದ ಭಯಾನೂ ಅದೇ.

೨. ಬಾಯಿಪಾಠ

ಫೈಲಿಗೊಂದು ಚೆಕ್‌ಸಮ್ ಇರುತ್ತೆ, ಅಕ್ಷರ ಅಂಕಿ ಸೇರಿದ ಉದ್ದ ಸಾಲು. ಫೈಲು ಚೂರು ಕೆಟ್ಟಿದ್ರೂ ಸಾಲು ಪೂರಾ ಬೇರೆ ಬರುತ್ತೆ. ಬಯೋಸು ಡಬ್ಬಿ ಮಾಡಿದ ಕಂಪನಿಯ ಸ್ವತ್ತು, ನೆಟ್ಟಿಂದ ಇಳಿಸ್ಕೊಳ್ಳೋ ಹಾಗಿಲ್ಲ. ಸರಿಯಾದ ಸಾಲು ಮಾತ್ರ ಅಲ್ಲಿ ಸಿಗುತ್ತೆ, ತಾಳೆ ನೋಡ್ಕೊಬೇಕು. ಅವತ್ತು ನೆಟ್ಟಿರಲಿಲ್ಲ. ಚಿಕ್ಕಪ್ಪ, ಶೃಂಗೇರೀಲಿ ವೇದ ಕಲಿತ ನಮ್ಮಜ್ಜನ್ನ ಕೂರಿಸಿ, ನಮ್ಮ ಕಾಪಿಯ ಸಾಲನ್ನೇ ಸ್ಕ್ರೀನ್ ನೋಡಿ ಓದಿ ಹೇಳಿದ್ರು. ಅಜ್ಜ ಮುಂದಿಂದ, ಹಿಂದಿಂದ, ಒಂದಕ್ಷರ ತಪ್ಪದೆ ಒಪ್ಪಿಸಿದ್ರು. ಚಿಕ್ಕಪ್ಪ ಅದೇ ಸ್ಕ್ರೀನ್ ನೋಡಿ, ತಾಳೆ ಆಯ್ತು ಅಂದ್ರು.

ಕಲಿತಿದ್ದೇ ಅಲ್ಲಿಂದ ಅಲ್ವಾ ಅಂತ ಮೆಲ್ಲಗೆ ಅಂದೆ.

"ಎಂತ ಕೂಸೆ, ಅಜ್ಜನ ಬಾಯಲ್ಲಿ ತಪ್ಪು ಬತ್ತಾ?"

೩. ಶೋಕೇಸು

ಆ ಧೈರ್ಯದಲ್ಲಿ, ಇನ್ನು ಚಿಪ್ಪು ಯಾಕೆ, ಅಂಗಡಿ ಶೋಕೇಸಲ್ಲಿ ಇಡೋಣ ಅಂತ ಕೀಳೋಕೆ ಹೋದ್ರು. ಮುರೀತು. ಶೋಕೇಸಲ್ಲಿ ಈಗ ಎರಡು ತುಂಡಿದೆ.

೪. ಅಸಲಿ ತಾಳೆ

ಟೀಚರು ಬರ್ತೀನಿ ಅಂದ ದಿನ ನೆಟ್ಟೂ ಬಂತು. ಅಲ್ಲಿದ್ದ ಸಾಲು ನೋಡ್ದೆ, ಮೊದಲ ಅಕ್ಷರಾನೇ ನಮ್ಮದಕ್ಕಿಂತ ಬೇರೆ. ಕಾಪಿ ಕೆಟ್ಟಿದೆ, ಚಿಪ್ಪು ಮುರಿದಿದೆ, ಟೀಚರ ಗೇಮು ಹೋಯ್ತು. ಅಜ್ಜನ್ನೇ ತಪ್ಪು ಅಂತೀಯಾ ಅಂತ ಚಿಕ್ಕಪ್ಪ ಬಯ್ಯೋಕೆ ಬಾಯಿ ತೆಗೆದ್ರು. ಅಷ್ಟರಲ್ಲಿ ಟೀಚರು ಬಸ್ಸಿಂದ ಇಳಿಯೋದು ಕಾಣಿಸ್ತು. ಬಾಗಿಲು ಹಾಕಿ, ಚಿಲಕ ಜಡಿದು, ಚಿಕ್ಕಪ್ಪ, ಅಜ್ಜ, ನಾನು ಮೂವರೂ ಮೇಜಿನ ಹಿಂದೆ ಕೂತ್ವಿ. ಅವರು ಬಡಿದ್ರು. ಕರೆದ್ರು. ಆಮೇಲೆ ಸ್ವಲ್ಪ ಹೊತ್ತು ಸದ್ದಿಲ್ಲ. ಹೋದ್ರು ಅಂದ್ಕೊಂಡ್ವಿ.

"ಮೆಟ್ಟಿಲ ಮೇಲೆ ಚಪ್ಪಲಿ ಇದೆಯಲ್ಲ ಮಾರಾಯ," ಅಂದ್ರು ಟೀಚರು, ಪಾಠ ಮಾಡೋ ದನೀಲಿ. "ಎಡಗಾಲಿಂದು ಹಿಮ್ಮಡೀಲೇ ಸವೆದಿದೆ. ಹೈಸ್ಕೂಲಲ್ಲೂ ನಿಂದು ಹೀಗೇ ಸವೀತಿತ್ತು. ತಾಳೆ ಆಯ್ತು, ಬಾಗಿಲು ತೆಗಿ."