ನಲವತ್ತೊಂದು ಜನರ ನಾಯಕ

"ನಲವತ್ತೆರಡಲ್ಲ ಆಂಟಿ, ನಲವತ್ತೊಂದು. ನೀವು ಡ್ರೈವರನ್ನೂ ಸೇರಿಸ್ಕೊಂಡ್ರಿ."

ಇಷ್ಟು ಹೇಳಿದ್ದೇ ಅವತ್ತು ಧನಂಜಯ ಮಾಡಿದ ಮೊದಲ ತಪ್ಪು.

ಬೆಳಗಿನ ಆರೂವರೆ. ಮೌಂಟ್ ರಾಸ್ಕಿಲ್‌ನಲ್ಲಿ ನಿಂತ ಬಸ್ಸಿನೊಳಗೆ ಕನ್ನಡ ಕೂಟದ ಮಂದಿ ತುಂಬಿದ್ದರು. ಈ ದೇಶದ ಮೂಲನಿವಾಸಿಗಳಾದ ಮಾವೊರಿ ಜನರ ಊರಿಗೆ ಹೋಗಿ, ಅವರ ಪದ್ಧತಿ ತಿಳಿದು, ಅವರ ಜೊತೆ ಉಂಡು, ಸಂಜೆಗೆ ಮನೆ ಸೇರುವ ಒಂದು ದಿನದ ಪ್ರವಾಸ. ಧನಂಜಯ ಕೊನೆಯ ಸಾಲಿನ ಕಿಟಕಿ ಹಿಡಿದು, ಜಾಕೆಟ್ಟಿನ ಟೋಪಿಯನ್ನು ಹುಬ್ಬಿನವರೆಗೆ ಎಳೆದುಕೊಂಡು, ಮಳೆಗೆ ಮುದುಡಿದ ಗುಬ್ಬಿಯಂತೆ ಕೂತಿದ್ದ. ಯಾರ ಕಣ್ಣಿಗೂ ಬೀಳಬಾರದೆಂಬುದು ಅವನ ಶಪಥ.

ಶಪಥಕ್ಕೆ ಕಾರಣವಿತ್ತು. ಕೂಟದ ಕಾರ್ಯದರ್ಶಿ ಹೋದ ವಾರ ಸಂಸಾರ ಸಮೇತ ಬ್ರಿಸ್ಬೇನ್‌ಗೆ ಹೊರಟುಹೋಗಿದ್ದ. ಕೆಲಸ ಸಿಕ್ಕಿತೆಂದು ಅವನು ಹೇಳಿದ. ಕಾರ್ಯದರ್ಶಿಗಿರಿ ಬಿಡಿಸಿಕೊಳ್ಳಲು ಸಮುದ್ರ ದಾಟಿದನೆಂದು ಉಳಿದವರು ಹೇಳಿದರು. ಹೊಸಬನನ್ನು ಈ ಪ್ರವಾಸದಲ್ಲೇ ಆರಿಸುವುದೆಂದು ವಾಟ್ಸ್ಯಾಪ್‌ನಲ್ಲಿ ಬಂದಿತ್ತು. ಮನೆಯಲ್ಲೇ ಉಳಿಯೋಣವೆಂದರೆ, ಬಾರದವನನ್ನೇ ಆರಿಸುವುದು ಕೂಟದ ಹಳೆಯ ಸಂಪ್ರದಾಯ.

ಹೆಂಡತಿ ನಿಶಾ ಆಸ್ಪತ್ರೆಯ ಬೆಳಗಿನ ಪಾಳಿಗೆ ಹೊರಡುವಾಗ ಬಾಗಿಲಲ್ಲಿ ನಿಂತು ಹೇಳಿದ್ದಳು. "ನೋಡಿ, ಹೋದ ಸಲ ನೀವು ಸಾಂಸ್ಕೃತಿಕ ಕಾರ್ಯದರ್ಶಿ ಆದಾಗ ಮೂರು ವರ್ಷ ಗರಾಜಲ್ಲಿ ಯಕ್ಷಗಾನದ ಕಿರೀಟ ಇತ್ತು, ಕಾರು ರಸ್ತೇಲಿತ್ತು. ಈ ಸಲ ಹೂಂ ಅಂದ್ರೆ ಕಿರೀಟದ ಪಕ್ಕ ನೀವೂ."

"ಇಲ್ಲ ಕಣೆ. ನಾನು ಬಾಯೇ ಬಿಡಲ್ಲ."

ಬಾಯಿ ಬಿಟ್ಟಾಗಿತ್ತು. ಈಸ್ಟ್ ತಮಾಕಿಯ ಸ್ವಿಚ್‌ಬೋರ್ಡ್ ಕಾರ್ಖಾನೆಯಲ್ಲಿ ದಿನವಿಡೀ ತಂತಿ ಎಣಿಸುವವನಿಗೆ ತಪ್ಪು ಎಣಿಕೆ ಕೇಳಿದರೆ ಹಲ್ಲಿನಲ್ಲಿ ಕಲ್ಲು ಸಿಕ್ಕಿದಂತಾಗುತ್ತದೆ. ಕೂಟದ ಉಪಾಧ್ಯಕ್ಷೆ, ನಡಾವಳಿ ಪುಸ್ತಕದ ಒಡತಿ ಲೀಲಾವತಿ ಆಂಟಿ ಕನ್ನಡಕ ಏರಿಸಿ ಹಿಂದಿನ ಸಾಲಿನತ್ತ ನೋಡಿದರು. ಬೆಣ್ಣೆಯ ಗಡಿಗೆ ಎಲ್ಲಿದೆಯೆಂದು ಗೊತ್ತಾದ ಬೆಕ್ಕಿನ ನೋಟ ಅದು.

"ಅಯ್ಯೋ, ಧನಂಜಯ, ನೀನಿದ್ದೀಯೇನಪ್ಪ. ಮುಂದೆ ಬಾ, ಮುಂದೆ ಬಾ."

ಬಸ್ಸು ಊರು ದಾಟಿದ ಮೇಲೆ ಗೈಡ್ ತಾಮತಿ ಮೈಕ್ ಹಿಡಿದ. ಆಳೆತ್ತರದ, ನಗುಮುಖದ ಮಾವೊರಿ ಯುವಕ. ನಾವು ಹೋಗುತ್ತಿರುವುದು ತನ್ನ ಅಜ್ಜನ ಊರಿನ ಮರಾಯ್‌ಗೆ, ಅಂದರೆ ಕುಲದವರೆಲ್ಲ ಸೇರುವ ಅಂಗಳ ಮತ್ತು ಹಿರಿಮನೆಗೆ ಎಂದ. ಅಲ್ಲಿ ಅತಿಥಿಗಳು ಸುಮ್ಮನೆ ಒಳಗೆ ನುಗ್ಗುವಂತಿಲ್ಲ. ಗುಂಪಿಗೊಬ್ಬ ನಾಯಕ ಬೇಕು. ಆಯುಧ ಹಿಡಿದ ಯೋಧ ಬಂದು ಅವನ ಮುಂದೆ ಒಂದು ಎಲೆ ಇಡುತ್ತಾನೆ. ನಾಯಕ ನಗದೆ, ಹೆದರದೆ, ಅವನ ಕಣ್ಣಿನಿಂದ ಕಣ್ಣು ತೆಗೆಯದೆ ಎಲೆ ಎತ್ತಿಕೊಳ್ಳಬೇಕು. ಆಮೇಲೆ ಎಲ್ಲರ ಪರವಾಗಿ ಮಾತಾಡಬೇಕು. ಮಾತಿನ ಹಿಂದೆ ಗುಂಪು ಒಂದು ಹಾಡು ಹಾಡಬೇಕು.

ನಲವತ್ತು ಜೊತೆ ಕಣ್ಣು ಅಧ್ಯಕ್ಷರಾದ ಧಾರವಾಡದ ಮೂಳೆ ಡಾಕ್ಟರು ಶ್ರೀರಂಗರತ್ತ ತಿರುಗಿದವು.

"ನನ್ನ ಸೊಂಟ ಹಿಡದದರೀ," ಎಂದರು ಡಾಕ್ಟರು. "ಎಲಿ ಎತ್ತಾಕ ಬಗ್ಗಿದ್ರ ಮತ್ತ ನನ್ನ ಎತ್ತಾಕ ನಾಕು ಮಂದಿ ಬೇಕು."

ಬೆಂಗಳೂರಿನ ಸಾಫ್ಟ್‌ವೇರ್ ಅನಿಲ್, ಯಾರಾದರೂ ಕೇಳುವ ಮೊದಲೇ, ಕರವಸ್ತ್ರ ತೆಗೆದ. "ನಂಗೆ ನೆಗಡಿ. ಆಮೇಲೆ ಮೂಗಿಗೆ ಮೂಗು ತಾಗಿಸ್ಬೇಕಂತೆ, ಪಾಪ ಅವ್ರಿಗ್ಯಾಕೆ."

"ಎಣಿಸೋಕೆ ಬರೋನು ಒಬ್ಬನೇ," ಎಂದು ಲೀಲಾವತಿ ಆಂಟಿ ಧನಂಜಯನ ಹೆಗಲ ಮೇಲೆ ಕೈಯಿಟ್ಟರು. "ಹೆಸ್ರು ಬೇರೆ ಧನಂಜಯ. ಎಂಥೆಂಥಾ ಯುದ್ಧ ಗೆದ್ದ ಹೆಸ್ರು."

ಬಸ್ಸೆಲ್ಲ ಚಪ್ಪಾಳೆ ತಟ್ಟಿತು. ಧನಂಜಯ ಒಳಗೊಳಗೇ ಒಂದು ಲೆಕ್ಕ ಹಾಕಿದ. ನಾಯಕನಾಗಿ ಚೆನ್ನಾಗಿ ಮಾಡಿದರೆ ಸಂಜೆಗೆ ಕಾರ್ಯದರ್ಶಿ. ಕೆಟ್ಟದಾಗಿ ಮಾಡಿದರೆ ಈ ಜನ್ಮಕ್ಕೆ ಯಾರೂ ಕರೆಯರು. ಹಾಗಾದರೆ ಕೆಡಿಸುವುದೇ ಸೈ. ಅವನ ಬೆನ್ನು ನೆಟ್ಟಗಾಯಿತು. ಕೆಲಸ ಮಾಡಲೇಬೇಕೆಂದು ಛಲ ಹಿಡಿದವರನ್ನು ನೋಡಿದ್ದೇವೆ. ಕೆಡಿಸಲೇಬೇಕೆಂದು ಅಷ್ಟೇ ಶ್ರದ್ಧೆಯಿಂದ ಹೊರಟವನು ಇವನೊಬ್ಬ.

ತಾಮತಿ ಪಕ್ಕದಲ್ಲಿ ಕೂತು ಹೇಳಿಕೊಟ್ಟ. ಮಾತು ಶುರುಮಾಡುವಾಗ ಮೊದಲು ನಿನ್ನ ಬೆಟ್ಟ ಯಾವುದು, ನಿನ್ನ ನದಿ ಯಾವುದು, ನಿನ್ನ ಹಿರಿಯರು ಬಂದ ದೋಣಿ ಯಾವುದು ಹೇಳಬೇಕು. ನಿನ್ನ ಹೆಸರು ಕೊನೆಗೆ. ಧನಂಜಯನಿಗೆ ಇದು ಹಿಡಿಸಿತು. ಚಿಕ್ಕಂದಿನಲ್ಲಿ ಹಿರಿಯರ ಕಾಲಿಗೆ ಬೀಳುವಾಗಲೂ ಹೀಗೆಯೇ. ಋಷಿಗಳು, ಗೋತ್ರ, ಸೂತ್ರ ಎಲ್ಲ ಮುಗಿದ ಮೇಲೆ ಇವನು.

"ಬರ್ಕೊ," ಎಂದರು ಲೀಲಾವತಿ ಆಂಟಿ. "ಚಾಮುಂಡಿ ಬೆಟ್ಟ, ಕಾವೇರಿ. ಇದ್ರಲ್ಲಿ ಯೋಚ್ನೆ ಮಾಡೋದೇನಿದೆ."

"ಅಲ್ರೀ ಬಾಯಾರ," ಡಾಕ್ಟರು ಸೊಂಟ ನೋವು ಮರೆತು ಎದ್ದು ನಿಂತರು. "ನಾವೇನು ನೀರಿಲ್ಲದ ನಾಡಿನ್ಯಾಗ ಹುಟ್ಟೀವೇನು? ಎಲ್ಲಮ್ಮನ ಗುಡ್ಡ, ಮಲಪ್ರಭಾ. ಅಧ್ಯಕ್ಷರ ನದಿ ಮೊದಲು ಬರಬೇಕಲ್ಲ."

ಮಂಗಳೂರಿನ ನರ್ಸ್ ವಿಜಯಾ ನಡುವಿನ ಸಾಲಿನಿಂದ ಕೈಯೆತ್ತಿದಳು. "ನೇತ್ರಾವತಿ ಇಲ್ಲದಿದ್ರೆ ನಾವು ಹಾಡ್ಲಿಕ್ಕಿಲ್ಲ. ಈಗಲೇ ಹೇಳ್ತೇನೆ."

"ಬೆಂಗ್ಳೂರಿಗೆ ಏನು ಹಾಕ್ತೀರ?" ಅನಿಲ್ ಕೇಳಿದ. "ನಮ್ದು ವೃಷಭಾವತಿ. ಹೆಸರು ಮಾತ್ರ ಹೇಳಿ, ವಾಸನೆ ಬಿಟ್ಬಿಡಿ."

ಹ್ಯಾಮಿಲ್ಟನ್ ದಾಟುವಷ್ಟರಲ್ಲಿ ಧನಂಜಯನ ಚೀಟಿಯಲ್ಲಿ ಮೂರು ಬೆಟ್ಟ, ಏಳು ನದಿ, ನೀರಿಲ್ಲದ ಒಂದು ಕೆರೆ ಸೇರಿದ್ದವು. ದೋಣಿಯ ಜಾಗದಲ್ಲಿ ಸಿಂಗಾಪುರದಲ್ಲಿ ಬದಲಿಸಿದ ವಿಮಾನ ಕೂತಿತು. ತಾಮತಿ ಚೀಟಿ ನೋಡಿ ಮೆಲ್ಲಗೆ, "ಬ್ರದರ್, ನಿಮ್ಮದು ದೊಡ್ಡ ಕುಲ," ಎಂದ.

ಮರಾಯ್‌ನ ಬಾಗಿಲಿಗೆ ಬಂದಾಗ ಹತ್ತೂವರೆ. ಹಸಿರು ಅಂಗಳ, ಅದರಾಚೆ ಕೆತ್ತನೆಯ ಹಿರಿಮನೆ. ಆ ಕಡೆಯಿಂದ ಒಬ್ಬ ಮುದುಕಿ ಕರೆದಳು. ಅದು ಹಾಡೂ ಅಲ್ಲ, ಅಳುವೂ ಅಲ್ಲ. ಬಹಳ ದೂರ ಹೋದವರನ್ನು ಹೊತ್ತು ಮುಳುಗುವಾಗ ಮನೆಯ ಹಿರಿಯಳು ಕೂಗಿ ಕರೆದಂತಿತ್ತು. ಅಲ್ಲಿಯವರೆಗೆ ಚಕ್ಕುಲಿ ಕಟಕಟಿಸುತ್ತಿದ್ದ ನಲವತ್ತು ಬಾಯಿ ನಿಂತವು.

ಆಮೇಲೆ ಯೋಧ ಬಂದ. ಉದ್ದನೆಯ ಮರದ ಆಯುಧವನ್ನು ಗಾಳಿಯಲ್ಲಿ ತಿರುಗಿಸುತ್ತ, ನೆಲಕ್ಕೆ ಬಾಗಿ, ಮತ್ತೆ ಚಿಮ್ಮಿ, ಧನಂಜಯನ ಮೂಗಿನಿಂದ ಮೂರು ಮೊಳದಲ್ಲಿ ನಿಂತ. ಎಲೆ ಇಟ್ಟ. ಧನಂಜಯನ ಯೋಜನೆ ಸರಳವಾಗಿತ್ತು: ಬಗ್ಗುವಾಗ ಎಡವಿ ಬೀಳುವುದು. ಆದರೆ ಆ ಕಣ್ಣು ನೋಡುತ್ತಲೇ ಯೋಜನೆ ಹೊಟ್ಟೆಯೊಳಗೆ ಇಳಿದು ಅವಿತುಕೊಂಡಿತು. ಇದು ಆಟವಲ್ಲ, ತಮ್ಮ ಮನೆಯ ಬಾಗಿಲಲ್ಲಿ ಇವರು ನಮ್ಮನ್ನು ಯಾರೆಂದು ಕೇಳುತ್ತಿದ್ದಾರೆ ಎಂದು ಮೈಗೆ ಗೊತ್ತಾಯಿತು. ಅವನು ಎಡವಲಿಲ್ಲ, ನಗಲಿಲ್ಲ, ಕಣ್ಣು ಕೀಳಲಿಲ್ಲ. ಬಾಗಿ ಎಲೆ ಎತ್ತಿಕೊಂಡು ನೆಟ್ಟಗೆ ನಿಂತ.

ಹಿಂದಿನಿಂದ ಲೀಲಾವತಿ ಆಂಟಿಯ ಪಿಸುಮಾತು ಕೇಳಿತು. "ನೋಡಿದ್ರಾ ಡಾಕ್ಟ್ರೇ, ಎಷ್ಟು ಲಕ್ಷಣವಾಗಿ ಮಾಡ್ದ. ಇಂಥೋರೇ ಬೇಕು ಕೂಟಕ್ಕೆ."

ಧನಂಜಯನ ಬೆನ್ನಲ್ಲಿ ಬೆವರು ಹರಿಯಿತು. ಯೋಧನಿಂದ ಬಂದ ಬೆವರಲ್ಲ ಅದು.

ಒಳಗೆ ಹಿರಿಯರು ಮಾತಾಡಿದರು. ತಾಮತಿಯ ಅಜ್ಜ ವಿರೇಮು. ಕೆತ್ತನೆಯ ಕೋಲು, ಬೆಳ್ಳಿ ಕೂದಲು. ಸರದಿ ಧನಂಜಯನದಾಯಿತು. ಮಾತಿನಲ್ಲಾದರೂ ಕೆಡಿಸೋಣ, ಎರಡು ಸಾಲಿಗೆ ಮುಗಿಸೋಣ ಎಂದು ಎದ್ದ. ಚೀಟಿ ತೆಗೆದರೆ ಅಂಗೈಯ ಬೆವರಿಗೆ ಏಳು ನದಿಗಳೂ ಕೂಡಿ ಒಂದೇ ಸಂಗಮವಾಗಿದ್ದವು. "ನಮಗೆ ಬೆಟ್ಟಗಳು ಹಲವು, ನದಿಗಳು ಹಲವು. ಜಗಳವಿಲ್ಲದೆ ಹೇಳಲು ಬರುವುದಿಲ್ಲ," ಎಂದ ಇಂಗ್ಲಿಷಿನಲ್ಲಿ. ಎದುರು ಸಾಲಿನಲ್ಲಿ ನಗು ಹಬ್ಬಿತು. ಮಾತು ಸಿಕ್ಕದೆ ನಿಂತ ಮೈಸೂರಿನವನ ನಾಲಿಗೆಗೆ ಒಂದೇ ಒಂದು ವಾಕ್ಯ ತಾನಾಗಿ ಬರುತ್ತದೆ. ಅದು ಬಂತು.

"ನೀವೆಲ್ಲ ಒಂದು ದಿನ ನಮ್ಮ ಮನೆಗೆ ಊಟಕ್ಕೆ ಬರಬೇಕು."

ಇದನ್ನು ಅವನು ಮೂಲೆಯ ಡೈರಿ ಅಂಗಡಿಯವನಿಗೆ ಹೇಳಿದ್ದಾನೆ, ಡಿಶ್‌ವಾಷರ್ ರಿಪೇರಿಯವನಿಗೆ ಹೇಳಿದ್ದಾನೆ, ಕಾರಿಗೆ ದಂಡದ ಚೀಟಿ ಅಂಟಿಸುತ್ತಿದ್ದವನಿಗೂ ಹೇಳಿದ್ದಾನೆ. ಯಾರೂ ಬಂದಿಲ್ಲ. ಬರಲೆಂದು ಹೇಳುವ ಮಾತೇ ಅಲ್ಲ ಅದು. ಹೋಗಿಬರುತ್ತೇನೆ ಎಂಬುದರ ಉದ್ದ ರೂಪ.

ವಿರೇಮು ಕೋಲಿನ ಮೇಲೆ ಗಲ್ಲವಿಟ್ಟು ಕೇಳಿದರು. "ಎಲ್ಲರೂ?"

"ಎಲ್ಲರೂ. ಮಕ್ಕಳು ಮರಿ ಸಮೇತ." ಅದೂ ಆ ವಾಕ್ಯದ ಬಾಲವೇ.

ಈಗ ಹಾಡು. ಬಸ್ಸಿನಲ್ಲಿ ನದಿಗಾಗಿ ಅಷ್ಟು ಕಾದಾಡಿದವರು ಹಾಡನ್ನು ಆರಿಸಲು ಮರೆತಿದ್ದರು. ಡಾಕ್ಟರು ಒಂದು ವಚನ ಶುರುಮಾಡಿದರು, ವಿಜಯಾ ಒಂದು ಭಜನೆ ಎತ್ತಿದಳು, ಅನಿಲ್ ಯಾವುದೋ ಸಿನಿಮಾದ್ದು ಗುನುಗಿದ. ಯಾರಿಗೂ ಎರಡನೆಯ ಸಾಲು ಬರಲಿಲ್ಲ. ಸಂತೆ ಮುಗಿದಂತೆ ಸದ್ದು ಅಡಗಿತು. ಧನಂಜಯನಿಗೆ ಮಿಂಚು ಹೊಳೆಯಿತು. ಕೂಟದ ಮಾನ ಕಳೆದು, ತನ್ನನ್ನು ಶಾಶ್ವತವಾಗಿ ಪಾರುಮಾಡುವ ದಾರಿ ಇದೇ. ಕಣ್ಣು ಮುಚ್ಚಿ, ಎದೆ ತುಂಬ ಉಸಿರೆಳೆದು ರಾಗ ತೆಗೆದ.

"ಎರಡೊಂದ್ಲ ಎರಡು... ಎರಡೆರಡ್ಲ ನಾಲ್ಕು..."

ಒಂದು ಕ್ಷಣ ಎಲ್ಲರೂ ಗರಬಡಿದು ನೋಡಿದರು. ಮೂರನೆಯ ಸಾಲಿಗೆ ವಿಜಯಾ ಸೇರಿದಳು. ಐದಕ್ಕೆ ಮಂಡ್ಯ, ಬೀದರ್, ಕಾರವಾರ ಎಲ್ಲ ಸೇರಿದವು. ಇದೊಂದು ಎಲ್ಲರಿಗೂ ಪೂರ್ತಿ ಬರುತ್ತಿತ್ತು. ಎರಡ್ಹತ್ಲ ಇಪ್ಪತ್ತು ಮುಟ್ಟಿದಾಗ ನಲವತ್ತೊಂದು ಕಂಠ ಸೇರಿ ಹಿರಿಮನೆಯ ತೊಲೆಗಳು ಗುಂಯ್‌ಗುಟ್ಟಿದವು. ಎದುರಿನವರು ಮೆಚ್ಚಿ ತಲೆದೂಗಿದರು. ಆಮೇಲೆ ಸಾಲಾಗಿ ನಿಂತು ಹಣೆಗೆ ಹಣೆ, ಮೂಗಿಗೆ ಮೂಗು ತಾಗಿಸಿ ಉಸಿರು ಹಂಚಿಕೊಂಡರು.

ಹೊರಗೆ ಬಂದ ಕೂಡಲೇ ಡಾಕ್ಟರು ಹಿಡಿದುಕೊಂಡರು. "ಏನ್ರೀ ಇದು? ಸಾವಿರ ವರ್ಷದ ಸಾಹಿತ್ಯ ಅದ ನಮ್ಮದು. ನೀವು ಮಗ್ಗಿ ಹಾಡಿಸಿದ್ರಿ. ಕೂಟದ ಮಾನ ಹೋತು."

"ತಪ್ಪಾಯ್ತು ಸಾರ್," ಎಂದ ಧನಂಜಯ. ತಲೆ ತಗ್ಗಿತ್ತು, ಮನಸ್ಸು ಕುಣಿಯುತ್ತಿತ್ತು. "ನನ್ನ ಕೈಲಿ ಇಂಥ ಜವಾಬ್ದಾರಿ ಎಲ್ಲ ಆಗಲ್ಲ ಸಾರ್. ನಾನು ಮೊದಲೇ ಅಂದ್ಕೊಂಡಿದ್ದೆ."

ಊಟಕ್ಕೆ ಮಣ್ಣಿನೊಳಗೆ ಬಿಸಿಕಲ್ಲಿನ ಮೇಲೆ ಬೇಯಿಸಿದ ಹಾಂಗಿ. ಗೆಣಸು, ಕುಂಬಳ, ಆಲೂಗಡ್ಡೆಗೆ ಹೊಗೆಯ ಪರಿಮಳ ಹತ್ತಿತ್ತು. ಯಾರದೋ ಚೀಲದಿಂದ ಮಾವಿನಕಾಯಿ ಉಪ್ಪಿನಕಾಯಿ ಹೊರಬಂದು ಮಾವೊರಿ ಅಜ್ಜಿಯರ ಸಾಲಿನಲ್ಲಿ ಮಾಯವಾಯಿತು. ಗೆಣಸಿನ ಎರಡನೆಯ ಸುತ್ತಿನಲ್ಲಿ ಲೀಲಾವತಿ ಆಂಟಿ ಚಮಚದಿಂದ ಲೋಟ ಬಡಿದರು. ಅಧ್ಯಕ್ಷರ ಸೂಚನೆಯಂತೆ ಅನಿಲ್ ಹೊಸ ಕಾರ್ಯದರ್ಶಿ. ಅನಿಲ್‌ನ ಗಂಟಲಲ್ಲಿ ಕುಂಬಳ ಸಿಕ್ಕಿಕೊಂಡಿತು. ಅದು ಇಳಿಯುವಷ್ಟರಲ್ಲಿ ಚಪ್ಪಾಳೆ ಮುಗಿದಿತ್ತು.

ಧನಂಜಯ ನಿಶಾಗೆ ಮೆಸೇಜ್ ಕಳಿಸಿದ: ಪಾರಾದೆ. ಮೂರನೆಯ ಸಲ ತಟ್ಟೆ ತುಂಬಿಸಿಕೊಂಡ. ಆ ಗೆಣಸಿನಷ್ಟು ಸಿಹಿಯನ್ನು ಅವನು ಹುಟ್ಟಿದಾಗಿನಿಂದ ತಿಂದಿರಲಿಲ್ಲ.

ಹೊರಡುವ ಹೊತ್ತಿಗೆ ವಿರೇಮು ಬಸ್ಸಿನ ಬಳಿ ಬಂದು ಅವನ ಎರಡೂ ಕೈ ಹಿಡಿದುಕೊಂಡರು.

"ಇಪ್ಪತ್ತು ವರ್ಷದಿಂದ ಬಸ್ಸುಗಳು ಬರುತ್ತಿವೆ. ಉಣ್ಣುತ್ತಾರೆ, ಫೋಟೋ ತೆಗೆಯುತ್ತಾರೆ, ಹೋಗುತ್ತಾರೆ. ನಮ್ಮನ್ನು ತಮ್ಮ ಮನೆಗೆ ಕರೆದವನು ನೀನೇ ಮೊದಲಿಗ. ನಾವು ಹಿರಿಯರೆಲ್ಲ ಕೂತು ಮಾತಾಡಿದೆವು. ಬರುತ್ತೇವೆ."

ಧನಂಜಯ ನಕ್ಕ. ನಗು ಅರ್ಧಕ್ಕೆ ನಿಂತಿತು.

"ಮುಂದಿನ ತಿಂಗಳ ಎರಡನೆಯ ಶನಿವಾರ," ಎಂದರು ಅಜ್ಜ. "ಎಪ್ಪತ್ತು ಜನ. ಮಕ್ಕಳು ಸೇರಿ ತೊಂಬತ್ತು. ಆ ಉಪ್ಪಿನಕಾಯಿ ಇದ್ದರೆ ಸಾಕು, ಹೆಚ್ಚೇನೂ ಬೇಡ."

ಅವರ ಕಣ್ಣಂಚಿನಲ್ಲಿ ತೆಳ್ಳಗೆ ನೀರಿತ್ತು. ಧನಂಜಯ ತಲೆಯಾಡಿಸಿದ. ಮತ್ತೊಮ್ಮೆ ಹಣೆಗೆ ಹಣೆ ತಾಗಿಸಿ ಬಸ್ಸು ಹತ್ತಿದ.

"ತಾಮತಿ, ಅಜ್ಜ ತಮಾಷೆಗೆ ಹೇಳಿದ್ದಲ್ವಾ?"

"ಆ ಮನೆಯೊಳಗೆ ಆಡಿದ ಮಾತಿಗೆ ತೂಕ ಜಾಸ್ತಿ, ಬ್ರದರ್. ಅಜ್ಜಿ ಆಗಲೇ ಬಸ್ಸು ಬುಕ್ ಮಾಡಿದ್ದಾಳೆ."

ಧನಂಜಯನದು ಎರಡು ಕೋಣೆಯ ಬಾಡಿಗೆ ಮನೆ. ತೊಂಬತ್ತು ಜನ ಒಟ್ಟಿಗೆ ಉಸಿರೆಳೆದರೆ ಗೋಡೆ ಒಳಗೆ ಬರುತ್ತದೆ. ಅವನು ನೆಟ್ಟಗೆ ಲೀಲಾವತಿ ಆಂಟಿಯ ಸೀಟಿಗೆ ಹೋದ.

"ಆಂಟಿ, ಅವತ್ತು ಕೂಟದ ಹಾಲ್, ದೊಡ್ಡ ಪಾತ್ರೆ, ಅಡುಗೆಗೆ ಒಂದಿಪ್ಪತ್ತು ಜನ..."

"ಅಯ್ಯೋ, ಕೊಡ್ಬೋದಿತ್ತಪ್ಪ. ಆದ್ರೆ ನೀನು ಕರೆದಿದ್ದು ನಿನ್ನ ಮನೆಗೆ. ಸ್ವಂತ ಸಮಾರಂಭಕ್ಕೆ ಕೂಟದ ಪಾತ್ರೆ ಕೊಡೋ ಹಾಗಿಲ್ಲ, ನಿಯಮ."

"ಹಾಗಾದ್ರೆ ಕೂಟದ ಕಾರ್ಯಕ್ರಮ ಅಂತಲೇ ಮಾಡಿ."

"ಕೂಟದ ಕಾರ್ಯಕ್ರಮ ಅಂದ್ರ ಕಾರ್ಯದರ್ಶಿ ಮುಂದ ನಿಂತು ನಡಸಬೇಕ್ರೀ," ಡಾಕ್ಟರು ಹಿಂದಿನಿಂದ ಹೇಳಿದರು. "ಅನಿಲ್, ಆ ವಾರ ಇರ್ತೀಯೇನು?"

"ನಾನು ಕ್ವೀನ್ಸ್‌ಟೌನ್‌ನಲ್ಲಿ. ಫ್ಯಾಮಿಲಿ ಟ್ರಿಪ್, ಆಗ್ಲೇ ಬುಕ್ ಆಗಿದೆ." ಅನಿಲ್‌ನ ನೆಗಡಿ ಪೂರ್ತಿ ವಾಸಿಯಾಗಿತ್ತು. "ಬೇರೆ ಯಾರಾದ್ರೂ ಕಾರ್ಯದರ್ಶಿ ಆಗಿದ್ರೆ ಎಷ್ಟು ಚೆನ್ನಾಗಿತ್ತು ಅಲ್ವಾ."

ಹೊರಗೆ ಹಸಿರು ಗುಡ್ಡಗಳು ಒಂದರ ಹಿಂದೊಂದು ಸರಿದವು. ಧನಂಜಯ ಒಂದೆರಡು ಮೈಲಿ ಅವನ್ನೇ ನೋಡಿದ. ಆಮೇಲೆ ಹಲ್ಲು ಕಚ್ಚಿ, ಯೋಧನ ಎದುರು ನಿಂತಾಗಿನ ಮುಖವನ್ನೇ ಮತ್ತೆ ಹಾಕಿಕೊಂಡು, ನಿಧಾನವಾಗಿ ಕೈ ಮೇಲೆತ್ತಿದ.

"ಆಂಟಿ. ನಾನು ಆಗ್ತೀನಿ. ದಯವಿಟ್ಟು ನನ್ನನ್ನ ಮಾಡಿ."

"ಬಲವಂತ ಇಲ್ಲಪ್ಪ," ಎಂದರು ಆಂಟಿ. "ನೀನೇ ಕೇಳ್ತಿದೀಯ ಅಂತ ಎಲ್ರೂ ಕೇಳಿಸ್ಕೊಂಡ್ರಲ್ವಾ?"

ನಲವತ್ತು ಜನ ಕೇಳಿಸಿಕೊಂಡಿದ್ದರು. ಲೀಲಾವತಿ ಆಂಟಿ ಮಡಿಲಿನ ನಡಾವಳಿ ಪುಸ್ತಕ ಬಿಡಿಸಿ, ಚೀಲದಿಂದ ರಬ್ಬರ್ ತೆಗೆದು, ಪೆನ್ಸಿಲ್ಲಿನಲ್ಲಿ ಬರೆದಿದ್ದ ಅನಿಲ್‌ನ ಹೆಸರನ್ನು ಅಳಿಸಿದರು. ಆ ಜಾಗದಲ್ಲಿ ಧನಂಜಯನ ಹೆಸರನ್ನು ಪೆನ್ನಿನಲ್ಲಿ ಬರೆದರು.